ಪದವಿಚಾರ: ಒಂದು ಹೆಸರು, ಎರಡು ಕುಲ

ನಮ್ಮ ವಾಚಕರಲ್ಲೊಬ್ಬರು ಒಂದು ಪ್ರಶ್ನೆಯನ್ನು ಬರೆದು ಕಳುಹಿಸಿದ್ದಾರೆ. ಅವರ ಮೊಮ್ಮಗನ ಆಟಿಕೆಯ ಪೆಟ್ಟಿಗೆಯ ಮೇಲೆ 'ಸ್ಪೈರೋಗ್ರಾಫ್' ಎಂದು ಅಚ್ಚಾಗಿದೆ. ಪೆಟ್ಟಿಗೆಯಲ್ಲಿ ಹಲ್ಲುಗಳುಳ್ಳ ಬಳೆಗಳೂ ಚಕ್ರಗಳೂ ಇವೆ. ಚಕ್ರದ ರಂಧ್ರದಲ್ಲಿ ಲೇಖನಿಯ ತುದಿಯನ್ನಿಟ್ಟು ಬಳೆಯೊಳಗೆ ಉರುಳಿಸಿದರೆ ಕಾಗದದ ಮೇಲೆ ಹೂವಿನಂಥ ಆಕೃತಿಗಳು ಮೂಡುತ್ತವೆ. ಹೆಸರಿನ ಅರ್ಥವನ್ನು ತಿಳಿಯಬೇಕೆಂದು ಅವರು ಮನೆಯಲ್ಲಿದ್ದ ಹಳೆಯ ಇಂಗ್ಲಿಷ್ ಕೋಶವನ್ನು ತೆರೆದು ನೋಡಲಾಗಿ, ಅಲ್ಲಿ 'ಉಸಿರಾಟವನ್ನು ಬರೆದು ತೋರಿಸುವ ಯಂತ್ರ' ಎಂದಿದ್ದಿತಂತೆ. ಎರಡರಲ್ಲಿ ಯಾವುದು ಸರಿ ಎಂಬುದು ಅವರ ಮೊದಲ ಪ್ರಶ್ನೆ. ಉಸಿರಿಗೂ ಸುರುಳಿಗೂ ಒಂದೇ ಹೆಸರಿರುವುದನ್ನು ನೋಡಿದರೆ, ಪ್ರಾಣವನ್ನೂ ಕುಂಡಲಿನಿಯನ್ನೂ ಒಟ್ಟಿಗೆ ಹೇಳಿದ ನಮ್ಮ ಯೋಗಶಾಸ್ತ್ರದ ತತ್ತ್ವವೇ ಪಶ್ಚಿಮದವರ ಈ ಶಬ್ದದಲ್ಲಿಯೂ ಅಡಗಿರಬಹುದೆ ಎಂಬುದು ಎರಡನೆಯದು.

ಮೊದಲ ಪ್ರಶ್ನೆಗೆ ಉತ್ತರವು ಸುಲಭವಾದುದು: ಎರಡೂ ಸರಿ. ಎರಡನೆಯದಕ್ಕೆ ಮಾತ್ರ ಇಲ್ಲವೆಂದೇ ಹೇಳಬೇಕಾಗಿದೆ. ಇಷ್ಟು ಸುಂದರವಾದ ಊಹೆಯನ್ನು ನಿರಾಕರಿಸಬೇಕಾದರೆ ಕಾರಣವನ್ನು ವಿವರವಾಗಿ ಕೊಡುವುದು ನ್ಯಾಯ. ಆದಕಾರಣ ಈ ಸಾರಿಯ ಪದವಿಚಾರವನ್ನು ಆ ಒಂದು ಶಬ್ದಕ್ಕೇ ಮೀಸಲಿಟ್ಟಿದ್ದೇವೆ.

ಶಬ್ದವನ್ನು ಒಡೆದು ನೋಡಿದರೆ ಉತ್ತರಪದವಾದ 'ಗ್ರಾಫ್' ಎಂಬುದು ಎರಡು ಅರ್ಥಗಳಲ್ಲಿಯೂ ಒಂದೇ. ಅದು ಗ್ರೀಕ್ ಭಾಷೆಯದು, ಬರೆಯುವುದೆಂದು ಅರ್ಥ. ಅದಕ್ಕೂ ಹಿಂದೆ ಗೀರುವುದೆಂಬ ಅರ್ಥವಿದ್ದಿತು. ನಮ್ಮ ಸಂಸ್ಕೃತದ 'ಲಿಖ್' ಧಾತುವಿಗೂ ಗೀರುವುದು, ಕೆರೆಯುವುದು ಎಂಬ ಅರ್ಥಗಳುಂಟು. ಕನ್ನಡದಲ್ಲಿ 'ಬರೆ' ಎಂದರೆ ಗೆರೆಯೂ ಹೌದು, ಬರೆಯೆಂಬ ಆಜ್ಞೆಯೂ ಹೌದು. ಮನುಷ್ಯನು ಎಲ್ಲ ದೇಶಗಳಲ್ಲಿಯೂ ಮೊದಲು ಗೀರಿದನು, ಆಮೇಲೆ ಬರೆದನು.

ಭೇದವಿರುವುದು ಪೂರ್ವಪದದಲ್ಲಿ. ಲ್ಯಾಟಿನ್ ಭಾಷೆಯಲ್ಲಿ 'ಸ್ಪಿರಾರೆ' ಎಂದರೆ ಉಸಿರಾಡುವುದು. ಇಂಗ್ಲಿಷಿನ 'ಸ್ಪಿರಿಟ್', 'ಇನ್‌ಸ್ಪೈರ್', 'ರೆಸ್ಪಿರೇಷನ್' ಮೊದಲಾದುವು ಈ ಧಾತುವಿನ ಸಂತಾನ. ಜೊತೆಗೂಡಿ ಉಸಿರಾಡುವುದೇ 'ಕಾನ್‌ಸ್ಪೈರ್', ಎಂದರೆ ಒಳಸಂಚು. ಔಷಧದ ಸೀಸೆಯ ಮೇಲೆ ನಾವೆಲ್ಲರೂ ಹುಡುಕಿ ನೋಡುವ 'ಎಕ್ಸ್‌ಪೈರಿ' ತಾರೀಖೆಂದರೆ ಆ ಔಷಧವು ಕೊನೆಯುಸಿರೆಳೆಯುವ ದಿನ. ಉಸಿರಾಟದ ಯಂತ್ರದ ಹೆಸರು ಈ ಕುಲಕ್ಕೆ ಸೇರಿದ್ದು.

ಇನ್ನೊಂದು ಕುಲವು ಬೇರೆ. ಗ್ರೀಕ್ ಭಾಷೆಯಲ್ಲಿ 'ಸ್ಪೈರ' ಎಂದರೆ ಸುತ್ತು, ಸುರುಳಿ, ಹೊಸೆದ ಹಗ್ಗದ ಮಡಿಕೆ. ಅದರ ಮೊದಲ ಸ್ವರವನ್ನು ಗ್ರೀಕರು 'ಎ', 'ಇ' ಎಂಬ ಎರಡು ಅಕ್ಷರಗಳಿಂದ ಬರೆಯುತ್ತಿದ್ದರು. ಶಬ್ದವು ಲ್ಯಾಟಿನ್ನಿಗೆ ಹೋದಾಗ ಆ ಭಾಷೆಯ ಪದ್ಧತಿಯಂತೆ ಎರಡು ಅಕ್ಷರಗಳು ಒಂದಾಗಿ 'ಸ್ಪೀರ' ಎಂದಾಯಿತು. ಅಂದಿನಿಂದ ಸುರುಳಿಯ ಶಬ್ದವೂ ಉಸಿರಿನ ಶಬ್ದವೂ ಬರವಣಿಗೆಯಲ್ಲಿ ಒಂದೇ ಮುಖವನ್ನು ಹೊತ್ತುವು. 1827ರಲ್ಲಿ ಪೀಟರ್ ಹ್ಯೂಬರ್ಟ್ ಡೆವಿನ್ಯ ಎಂಬ ಆಂಗ್ಲ ವಾಸ್ತುಶಿಲ್ಪಿಯು ತೊಡಕಾದ ಸುರುಳಿಚಿತ್ರಗಳನ್ನು ಬರೆಯುವ ಉಪಕರಣವೊಂದನ್ನು ರಚಿಸಿ ಪ್ರಕಟಿಸಿದನು. ಅದರ ಹೆಸರನ್ನು ಅವನು ಆ ಎರಡು ಅಕ್ಷರಗಳನ್ನೂ ಉಳಿಸಿಕೊಂಡು ಗ್ರೀಕ್ ರೀತಿಯಲ್ಲಿಯೇ ಬರೆದಿದ್ದನು. ಅದೇ ಬರವಣಿಗೆಯು ನಿಂತಿದ್ದರೆ ನಮ್ಮ ವಾಚಕರಿಗೆ ಈ ಸಂದೇಹವೇ ಹುಟ್ಟುತ್ತಿರಲಿಲ್ಲ.

ಇನ್ನು ವಸ್ತುಗಳನ್ನು ನೋಡೋಣ. 1846ರಲ್ಲಿ ಇಂಗ್ಲೆಂಡಿನ ಜಾನ್ ಹಚಿನ್‌ಸನ್ ಎಂಬ ವೈದ್ಯನು ಉಸಿರನ್ನು ಅಳೆಯುವ ಯಂತ್ರದ ವಿಚಾರವಾಗಿ ದೊಡ್ಡದೊಂದು ಪ್ರಬಂಧವನ್ನು ಪ್ರಕಟಿಸಿದನು. ಯಂತ್ರದ ತತ್ತ್ವವು ಸರಳವಾದುದು. ನೀರು ತುಂಬಿದ ಪಾತ್ರೆಯೊಳಗೆ ಕೊಳಗದಂಥ ಇನ್ನೊಂದು ಪಾತ್ರೆಯನ್ನು ಬೋರಲಾಗಿ ಇಳಿಬಿಟ್ಟು, ರಾಟೆಯ ಮೂಲಕ ಅದಕ್ಕೆ ಸಮತೂಕವನ್ನು ಕಟ್ಟಿರುತ್ತದೆ. ಪರೀಕ್ಷೆಗೆ ಬಂದವನು ಎದೆತುಂಬ ಗಾಳಿಯನ್ನೆಳೆದುಕೊಂಡು ಕೊಳವೆಯಲ್ಲಿ ಪೂರ್ತಿಯಾಗಿ ಊದಿದರೆ, ಒಳಗಿನ ಪಾತ್ರೆಯು ಮೇಲೇಳುತ್ತದೆ. ಅದು ಎಷ್ಟು ಎದ್ದಿತೆಂಬುದೇ ಉಸಿರಿನ ಅಳತೆ. ಹಚಿನ್‌ಸನ್ನನು ಎರಡು ಸಾವಿರಕ್ಕೂ ಹೆಚ್ಚು ಜನರನ್ನು ಹೀಗೆ ಪರೀಕ್ಷಿಸಿ, ಈ ಪ್ರಮಾಣವು ಮನುಷ್ಯನ ಎತ್ತರವನ್ನನುಸರಿಸಿ ಹೆಚ್ಚುವುದೆಂದು ತೋರಿಸಿದನು. ಆ ಪಾತ್ರೆಗೆ ಒಂದು ಲೇಖನಿಯನ್ನು ಜೋಡಿಸಿ, ನಿಧಾನವಾಗಿ ತಿರುಗುವ ಉರುಳೆಗೆ ಕಾಗದವನ್ನು ಸುತ್ತಿಟ್ಟರೆ, ಏರಿಳಿತವು ಗೆರೆಯಾಗಿ ಬರೆಯಲ್ಪಡುವುದು. ಅಳೆಯುವುದು ಸ್ಪೈರೋಮೀಟರ್; ಬರೆಯುವುದು ಸ್ಪೈರೋಗ್ರಾಫ್.

ಆ ಗೆರೆಯನ್ನು ಓದಬಲ್ಲವರಿಗೆ ಅದರಲ್ಲಿ ಬಹು ವಿಷಯವುಂಟು. ಸುಮ್ಮನೆ ಕುಳಿತಿರುವ ವಯಸ್ಕನು ಒಂದು ಸಾರಿಗೆ ಸುಮಾರು ಅರ್ಧ ಲೀಟರು ಗಾಳಿಯನ್ನು ಮಾತ್ರ ಎಳೆದು ಬಿಡುತ್ತಾನೆ. ಆ ಭಾಗದಲ್ಲಿ ಗೆರೆಯು ಸಣ್ಣ ಅಲೆಗಳಂತೆ ಸಾಗುತ್ತದೆ. ಪೂರ್ಣವಾಗಿ ಎಳೆದು ಪೂರ್ಣವಾಗಿ ಬಿಟ್ಟಾಗ ನಾಲ್ಕೈದು ಲೀಟರುಗಳಷ್ಟು ಎತ್ತರಕ್ಕೆ ಏರಿ ಇಳಿಯುತ್ತದೆ. ಎಷ್ಟು ಊದಿದರೂ ಸುಮಾರು ಒಂದು ಲೀಟರಿಗೂ ಮಿಗಿಲಾದ ಗಾಳಿಯು ಶ್ವಾಸಕೋಶದಲ್ಲಿಯೇ ಉಳಿಯುವುದು. ಅದನ್ನು ಈ ಯಂತ್ರವು ಅಳೆಯಲಾರದು. 1947ರಲ್ಲಿ ಫ್ರಾನ್ಸಿನ ತಿಫ್ನೋ ಎಂಬ ವೈದ್ಯನು, ಎಷ್ಟು ಊದಿದನೆಂಬುದಕ್ಕಿಂತ ಮೊದಲನೆಯ ಸೆಕೆಂಡಿನಲ್ಲಿ ಎಷ್ಟು ಊದಿದನೆಂಬುದನ್ನು ನೋಡಬೇಕೆಂದು ತಿಳಿಸಿದನು. ಆರೋಗ್ಯವಂತರು ಒಟ್ಟು ಗಾಳಿಯ ಸುಮಾರು ಮುಕ್ಕಾಲು ಭಾಗವನ್ನು ಅಥವಾ ಅದಕ್ಕೂ ಹೆಚ್ಚನ್ನು ಆ ಒಂದು ಸೆಕೆಂಡಿನಲ್ಲಿಯೇ ಹೊರಹಾಕುತ್ತಾರೆ. ಉಬ್ಬಸದವರಿಗೂ, ಬೀಡಿಯ ಹೊಗೆಯನ್ನೋ ಸೌದೆಯೊಲೆಯ ಹೊಗೆಯನ್ನೋ ವರ್ಷಗಟ್ಟಲೆ ಸೇವಿಸಿ ಶ್ವಾಸನಾಳಗಳು ಕಿರಿದಾದವರಿಗೂ ಅದು ಸಾಧ್ಯವಾಗದು. ಈಗ ನೀರಿನ ಪಾತ್ರೆಯೂ ಉರುಳೆಯೂ ಹೋಗಿ ವಿದ್ಯುದ್ಯಂತ್ರಗಳು ಬಂದಿವೆ. ಪರೀಕ್ಷೆ ಮಾತ್ರ ಅದೇ. ವೈದ್ಯರು ಇದನ್ನು ಬರೆದುಕೊಟ್ಟರೆ ಮನೆಯವರು ಹೆದರಬೇಕಾದ ಕಾರಣವಿಲ್ಲ. ಊದುವುದೊಂದೇ ರೋಗಿಯ ಕೆಲಸ.

ಇನ್ನೊಂದು ಸ್ಪೈರೋಗ್ರಾಫಿನ ಕಥೆಯು ಬೇರೆ ದಾರಿಯದು. ಡೆವಿನ್ಯನ ತರುವಾಯ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬ್ರೂನೊ ಅಬಕನೋವಿಚ್ ಎಂಬ ಗಣಿತಜ್ಞನು ಸುರುಳಿರೇಖೆಗಳನ್ನು ಬರೆಯುವ ಉಪಕರಣವನ್ನು ಮಾಡಿದನು. ಮಕ್ಕಳ ಕೈಗೆ ಅದನ್ನು ತಂದವನು ಇಂಗ್ಲೆಂಡಿನ ಲೀಡ್ಸ್ ಪಟ್ಟಣದ ಡೆನಿಸ್ ಫಿಷರ್ ಎಂಬ ಯಂತ್ರಶಿಲ್ಪಿ. 1965ರಲ್ಲಿ ಜರ್ಮನಿಯ ನ್ಯೂರೆಂಬರ್ಗ್ ನಗರದ ಆಟಿಕೆಗಳ ಮೇಳದಲ್ಲಿ ಅವನು ಅದನ್ನು ಪ್ರದರ್ಶಿಸಿದನು. ಮರುವರ್ಷ ಅದು ಅಮೆರಿಕಕ್ಕೆ ಹೋಯಿತು. ಅಲ್ಲಿಂದ ಮುಂದೆ ಲೋಕದ ಮನೆಮನೆಗಳಲ್ಲಿ ಹರಡಿತು.

ಈ ಆಟಿಕೆಯ ಒಳಗಿರುವುದು ಶಾಲೆಯ ಲೆಕ್ಕವೇ. ಬಳೆಯ ಒಳಮೈಯಲ್ಲಿ 96 ಹಲ್ಲುಗಳೂ ಚಕ್ರದಲ್ಲಿ 36 ಹಲ್ಲುಗಳೂ ಇವೆಯೆನ್ನೋಣ. ಎರಡರ ಮ.ಸಾ.ಅ. 12. ತೊಂಬತ್ತಾರನ್ನು ಹನ್ನೆರಡರಿಂದ ಭಾಗಿಸಿದರೆ ಎಂಟು. ಆದುದರಿಂದ ಹೂವಿಗೆ ಎಂಟು ದಳಗಳು. ಮೂವತ್ತಾರನ್ನು ಹನ್ನೆರಡರಿಂದ ಭಾಗಿಸಿದರೆ ಮೂರು. ಆದುದರಿಂದ ಚಕ್ರವು ಬಳೆಯನ್ನು ಮೂರು ಸುತ್ತು ಸುತ್ತಿದ ಮೇಲೆ ಗೆರೆಯು ತಾನು ಹೊರಟ ಬಿಂದುವಿಗೆ ಬಂದು ಸೇರುವುದು. 63 ಹಲ್ಲಿನ ಚಕ್ರವನ್ನಿಟ್ಟರೆ ಮ.ಸಾ.ಅ. ಮೂರೇ ಆಗುವುದರಿಂದ 21 ಸುತ್ತುಗಳೂ 32 ದಳಗಳೂ ಬೇಕಾಗುತ್ತವೆ. 48 ಹಲ್ಲಿನ ಚಕ್ರವಾದರೆ ಒಂದೇ ಸುತ್ತು. ಆಗ ಹೂವಿನ ಬದಲು ದೀರ್ಘವೃತ್ತವು ಮೂಡುತ್ತದೆ. ಮಗುವು ಆಡುತ್ತಾ ಕುಳಿತಿರುವಾಗ ತಂದೆತಾಯಿಗಳು ಮೊದಲೇ ಲೆಕ್ಕಮಾಡಿ ದಳಗಳ ಸಂಖ್ಯೆಯನ್ನು ಹೇಳಿದರೆ, ಮ.ಸಾ.ಅ. ಎಂಬುದು ಏತಕ್ಕೆಂದು ಮಗುವಿಗೆ ಇನ್ನೊಮ್ಮೆ ಬೋಧಿಸಬೇಕಾಗದು.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಸುರುಳಿಯೆಂದರೆ ಚಕ್ಕುಲಿಯಂತೆ ಸುತ್ತುತ್ತಾ ಕೇಂದ್ರದಿಂದ ದೂರವಾಗುತ್ತಲೇ ಹೋಗತಕ್ಕದ್ದು. ಅದು ಹೊರಟಲ್ಲಿಗೆ ಮರಳಲಾರದು. ಆಟಿಕೆಯು ಬರೆಯುವ ಗೆರೆಯಾದರೋ ರಂಗವಲ್ಲಿಯ ಎಳೆಯಂತೆ ತನ್ನ ಮೊದಲನ್ನು ಬಂದು ಕೂಡಿಕೊಳ್ಳತಕ್ಕದ್ದು. ಆದಕಾರಣ ಗಣಿತದ ದೃಷ್ಟಿಯಿಂದ ಈ ಆಟಿಕೆಯು ಸುರುಳಿಯನ್ನು ಬರೆಯುವುದೇ ಇಲ್ಲ. ಹೆಸರು ವಸ್ತುವಿನ ಲಕ್ಷಣವನ್ನು ಪೂರ್ತಿಯಾಗಿ ಹೇಳುವುದೆಂದು ನಂಬಬಾರದೆಂಬುದಕ್ಕೆ ಇದು ಒಂದು ನಿದರ್ಶನ.

ಒಂದು ಶಬ್ದಕ್ಕೆ ಹಲವು ಅರ್ಥಗಳಿರುವ ವಿಷಯವನ್ನು ನಮ್ಮ ಪ್ರಾಚೀನರು ಚೆನ್ನಾಗಿ ವಿಚಾರಮಾಡಿದ್ದಾರೆ. ಅಮರಕೋಶದಲ್ಲಿ ನಾನಾರ್ಥಗಳಿಗೆಂದೇ ಒಂದು ವರ್ಗವುಂಟು. ಭರ್ತೃಹರಿಯ ವಾಕ್ಯಪದೀಯದಲ್ಲಿ ಎರಡು ಪಕ್ಷಗಳ ಪ್ರಸ್ತಾಪವಿದೆ. ಶಬ್ದವು ಒಂದೇ, ಅರ್ಥಗಳು ಅನೇಕವೆಂಬುದು ಒಂದು ಪಕ್ಷ. ಅರ್ಥ ಬೇರೆಯಾದರೆ ಶಬ್ದವೂ ಬೇರೆಯೇ, ರೂಪವು ಮಾತ್ರ ಸಮಾನವೆಂಬುದು ಇನ್ನೊಂದು. ಶಾಸ್ತ್ರಕಾರರು ಪದೇ ಪದೇ ಕೊಡುವ ಉದಾಹರಣೆಯು 'ಸೈಂಧವ' ಎಂಬುದು. ಊಟಕ್ಕೆ ಕುಳಿತವನು ಸೈಂಧವವನ್ನು ತಾ ಎಂದರೆ ಉಪ್ಪು. ಪ್ರಯಾಣಕ್ಕೆ ಹೊರಟವನು ಹಾಗೆಂದರೆ ಕುದುರೆ. ಎರಡೂ ಸಿಂಧೂದೇಶದಿಂದ ಬಂದುವಾದ್ದರಿಂದ ಎರಡಕ್ಕೂ ಆ ಹೆಸರು. ಇಲ್ಲಿ ಮೂಲವು ಒಂದೇ, ಶಾಖೆಗಳು ಎರಡು. ನಮ್ಮ ಸ್ಪೈರೋಗ್ರಾಫ್ ಹಾಗಲ್ಲ. ಅಲ್ಲಿ ಮೂಲಗಳೇ ಎರಡು. ಕೊಂಬೆಗಳು ಹೆಣೆದುಕೊಂಡು ದೂರದಿಂದ ಒಂದೇ ಮರದಂತೆ ಕಾಣುತ್ತವೆ.

ಇಂಥದು ಕನ್ನಡದಲ್ಲಿಯೂ ಉಂಟು. 'ಅರಿ' ಎಂಬ ಶಬ್ದವನ್ನು ನೋಡಿರಿ. ಶತ್ರುವೆಂಬ ಅರ್ಥದ 'ಅರಿ' ಸಂಸ್ಕೃತದ್ದು. ಕತ್ತರಿಸೆಂಬ ಅರ್ಥದ 'ಅರಿ' ಅಚ್ಚಗನ್ನಡ. ತಿಳಿಯೆಂಬ ಅರ್ಥದ್ದೂ ಕನ್ನಡವೇ, ಆದರೆ ಹಳಗನ್ನಡದಲ್ಲಿ ಅದು 'ಅಱಿ' ಎಂದು ಶಕಟರೇಫದಿಂದ ಬರೆಯಲ್ಪಡುತ್ತಿದ್ದಿತು. ಆ ಅಕ್ಷರವು ಲೋಪವಾದ ಮೇಲೆ ಮೂರು ಶಬ್ದಗಳೂ ಒಂದೇ ಮುಖದವಾದುವು. ಗ್ರೀಕ್ ಸುರುಳಿಯು ಒಂದಕ್ಷರವನ್ನು ಕಳೆದುಕೊಂಡು ಲ್ಯಾಟಿನ್ ಉಸಿರಿನೊಡನೆ ಬೆರೆತುಹೋದದ್ದೂ ಹೀಗೆಯೇ. ಅರಿಯುವುದಕ್ಕೂ ಅರಿಯುವುದಕ್ಕೂ, ಎಂದರೆ ತಿಳಿಯುವುದಕ್ಕೂ ಕತ್ತರಿಸುವುದಕ್ಕೂ ತತ್ತ್ವಸಂಬಂಧವನ್ನು ಕಲ್ಪಿಸುವುದು ಕಷ್ಟವಲ್ಲ. ಅಜ್ಞಾನವನ್ನು ಕತ್ತರಿಸುವುದೇ ಅರಿವು ಎಂದು ಯಾರಾದರೂ ಪ್ರವಚನಮಾಡಬಹುದು. ಶ್ಲೇಷೆಯೆಂದು ಅದನ್ನು ಸವಿಯಬಹುದು, ವ್ಯುತ್ಪತ್ತಿಯೆಂದು ನಂಬಬಾರದು. ಪ್ರಾಣ ಮತ್ತು ಕುಂಡಲಿನಿಯ ಊಹೆಯೂ ಇದೇ ಜಾತಿಯದು. ಯೋಗಶಾಸ್ತ್ರದ ಮಾತು ಯೋಗಶಾಸ್ತ್ರದಲ್ಲಿ ನಿಲ್ಲಲಿ. ಅದಕ್ಕೆ ಲ್ಯಾಟಿನ್ ಶಬ್ದವೊಂದರ ಸಾಕ್ಷ್ಯವು ಬೇಕಾಗಿಲ್ಲ.

ಹಾಗೆಂದ ಮಾತ್ರಕ್ಕೆ ಪೂರ್ವಪಶ್ಚಿಮದ ಭಾಷೆಗಳಿಗೆ ಬಂಧುತ್ವವಿಲ್ಲವೆಂದು ತಿಳಿಯಬಾರದು. ಸಂಸ್ಕೃತವೂ ಗ್ರೀಕ್ ಲ್ಯಾಟಿನ್ ಭಾಷೆಗಳೂ ಒಂದೇ ಮೂಲದಿಂದ ಹುಟ್ಟಿರಬೇಕೆಂದು 1786ರಲ್ಲಿ ಕಲ್ಕತ್ತೆಯಲ್ಲಿ ಸರ್ ವಿಲಿಯಂ ಜೋನ್ಸನು ಹೇಳಿದ ಮೇಲೆ ಅದು ಶಾಸ್ತ್ರವಾಗಿಯೇ ಬೆಳೆದಿದೆ. ಪ್ರಾಣ, ಅಪಾನ, ವ್ಯಾನ, ಉದಾನ, ಸಮಾನಗಳೆಂಬ ಐದು ಹೆಸರುಗಳಲ್ಲಿಯೂ ಇರುವುದು ಉಸಿರಾಡುವುದೆಂಬ ಅರ್ಥದ 'ಅನ್' ಧಾತು. ಇದಕ್ಕೆ ನಿಜವಾದ ಬಂಧುಗಳು ಗಾಳಿಯೆಂಬ ಅರ್ಥದ ಗ್ರೀಕ್ 'ಅನೆಮೊಸ್', ಜೀವವೆಂಬ ಅರ್ಥದ ಲ್ಯಾಟಿನ್ 'ಅನಿಮ'. ಆದ್ದರಿಂದ ನಮ್ಮ 'ಪ್ರಾಣಿ'ಯೂ ಇಂಗ್ಲಿಷಿನ 'ಅನಿಮಲ್' ಎಂಬುದೂ ದಾಯಾದಿಗಳು. ಕಣ್ಣಿಗೆ ಹೋಲಿಕೆ ಕಾಣದ ಇವು ಒಂದೇ ಕುಲದವು. ಅಕ್ಷರ ತಪ್ಪದೆ ಹೋಲುವ ಎರಡು ಸ್ಪೈರೋಗಳು ಬೇರೆ ಕುಲದವು. ಮುಖವು ಹೋಲಿತೆಂದು ನೆಂಟಸ್ತನವನ್ನು ಹೇಳಬಾರದು. ವಂಶಾವಳಿಯನ್ನು ನೋಡಿ ಹೇಳಬೇಕು.

ಇದೆಲ್ಲ ಪಂಡಿತರ ಕಾಲಕ್ಷೇಪ, ಗೃಹಸ್ಥರಿಗೆ ಇದರಿಂದೇನು ಎಂದು ಕೇಳುವವರುಂಟು. ಒಂದು ಉದಾಹರಣೆಯನ್ನು ಕೊಡುತ್ತೇವೆ. ಮಳೆಗಾಲದಲ್ಲಿ ನಮ್ಮ ಕರಾವಳಿಯಲ್ಲಿಯೂ ಮಲೆನಾಡಿನಲ್ಲಿಯೂ ಕಾಣಿಸಿಕೊಳ್ಳುವ ಇಲಿಜ್ವರವನ್ನು ವೈದ್ಯರು 'ಲೆಪ್ಟೊಸ್ಪೈರೋಸಿಸ್' ಎಂದು ಬರೆಯುತ್ತಾರೆ. ಇಲ್ಲಿಯ 'ಸ್ಪೈರ'ವನ್ನು ಉಸಿರೆಂದು ತಿಳಿದವನು ಇದು ಉಸಿರಿನಿಂದ ಹರಡುವ ರೋಗವೆಂದು ಭಾವಿಸಿ, ರೋಗಿಯ ಕೋಣೆಗೆ ಹೋಗಲು ಅಂಜಿ, ಕೆಸರುಗದ್ದೆಗೆ ಮಾತ್ರ ಬರಿಗಾಲಿನಲ್ಲಿ ಇಳಿದಾನು. ನಿಜವಾಗಿ ಅದು ಸುರುಳಿ. ತೆಳುವಾದ ಸುರುಳಿಯ ಆಕಾರದ ಕ್ರಿಮಿಯೆಂಬ ಅರ್ಥದಲ್ಲಿ ಜಪಾನಿನ ನೊಗುಚಿ ಎಂಬ ವಿಜ್ಞಾನಿಯು 1917ರಲ್ಲಿ ಇಟ್ಟ ಹೆಸರದು. ಇಲಿ ಮೊದಲಾದ ಪ್ರಾಣಿಗಳ ಮೂತ್ರವು ಬೆರೆತ ನೀರಿನಿಂದಲೂ ಕೆಸರಿನಿಂದಲೂ, ಕಾಲಿನ ಗಾಯ ಗೀರುಗಳ ಮೂಲಕ ಆ ಕ್ರಿಮಿಯು ದೇಹವನ್ನು ಹೊಗುತ್ತದೆ. ಮುಚ್ಚಬೇಕಾದದ್ದು ಕಾಲಿನ ಗಾಯವನ್ನು, ಮೂಗನ್ನಲ್ಲ. ಪೂರ್ವಪದದ ಕುಲವನ್ನು ತಪ್ಪಾಗಿ ತಿಳಿದರೆ ಆಗುವ ಹಾನಿಯು ಇಷ್ಟು.

ಕನ್ನಡದಲ್ಲಿ ಹೊಸ ಶಬ್ದಗಳನ್ನು ಕಟ್ಟುವವರಿಗೂ ಇದೇ ಎಚ್ಚರಿಕೆಯು ಬೇಕು. ಕೊಳದ ಪಾಚಿಯಾದ 'ಸ್ಪೈರೋಗೈರ'ದಲ್ಲಿ ಹಸುರು ಪಟ್ಟಿಯು ಸುರುಳಿಯಾಗಿರುವುದು. ಅದನ್ನು 'ಶ್ವಾಸಪಾಚಿ'ಯೆಂದು ಅನುವಾದಿಸಿದರೆ ಹುಡುಗರು ಜೀವಮಾನವಿಡೀ ತಪ್ಪನ್ನೇ ನೆನಪಿಟ್ಟಾರು. ಉಸಿರಿನ ಸ್ಪೈರೋಗ್ರಾಫಿಗೆ 'ಶ್ವಾಸಲೇಖಿ' ಎಂಬುದು ಸಲ್ಲುತ್ತದೆ. ಆಟಿಕೆಗೆ 'ಸುರುಳಿಲೇಖಿ' ಎನ್ನೋಣವೆಂದರೆ, ಅದು ಸುರುಳಿಯನ್ನು ಬರೆಯದೆಂದು ಆಗಲೇ ಹೇಳಿದ್ದೇವೆ. ಮೇಲಾಗಿ ಕನ್ನಡದ ಸುರುಳಿಗೆ ಸಂಸ್ಕೃತದ ಲೇಖಿಯನ್ನು ಗಂಟುಹಾಕಿದರೆ ಕೇಶಿರಾಜನು ಬೇಡವೆಂದ ಅರಿಸಮಾಸವಾಗುವುದು. ಲ್ಯಾಟಿನ್ ಉಸಿರಿಗೆ ಗ್ರೀಕ್ ಬರಹವನ್ನು ಕೂಡಿಸಿದ ಪಾಶ್ಚಾತ್ಯರ ಶ್ವಾಸಯಂತ್ರದ ಹೆಸರೂ ಅಂಥ ಅರಿಸಮಾಸವೇ ಎಂಬುದನ್ನು ನೆನೆದು ನಾವು ಸಮಾಧಾನಪಟ್ಟುಕೊಳ್ಳಬಹುದು. ಚಕ್ರವು ಉರುಳಿ ಬರೆಯುವುದರಿಂದ 'ಚಕ್ರಲೇಖಿ' ಎಂದರೆ ಲಕ್ಷಣಕ್ಕೂ ಸರಿ, ವ್ಯಾಕರಣಕ್ಕೂ ಸರಿ. ಹೀಗೆ ಕನ್ನಡದಲ್ಲಿ ಎರಡಕ್ಕೂ ಬೇರೆಬೇರೆ ಹೆಸರಿಟ್ಟುಕೊಂಡರೆ, ಇಂಗ್ಲಿಷಿನವರಿಗೆ ತಪ್ಪದ ಗೊಂದಲವು ನಮ್ಮ ಮಕ್ಕಳಿಗೆ ತಪ್ಪುವುದು.

ಹೊಸ ಶಬ್ದವೊಂದು ಎದುರಾದಾಗ ಅದು ಯಾರಂತಿದೆ ಎಂದು ಕೇಳುವುದಕ್ಕೆ ಮುಂಚೆ, ಅದು ಯಾರ ಮಗು ಎಂದು ಕೇಳುವ ಅಭ್ಯಾಸವು ಮನೆಯಲ್ಲಿ ಬೆಳೆಯಲಿ. ಇಂಥ ಸಂದೇಹಗಳು ಬೇರೆ ವಾಚಕರಿಗೂ ಇದ್ದಲ್ಲಿ ಬರೆದು ತಿಳಿಸಬಹುದು. ನಮ್ಮ ಶಕ್ತ್ಯನುಸಾರ ವಿಚಾರಮಾಡಿ ಉತ್ತರ ಕೊಡುತ್ತೇವೆ.